ಅಮ್ಮ ಒಪ್ಪದ ಮಾಡೆಲ್ ಮನೆ

ಡಲ್ಲಾಸ್ ಪಕ್ಕದ ಕಾಪೆಲ್‌ನ ಒಂದು ಮನೆಯನ್ನು ನನ್ನ ಅಮ್ಮ ಹದಿನಾಲ್ಕು ವಾರ ಸತಾಯಿಸಿದಳು. ಅಡುಗೆಮನೆ ಇನ್ನೊಮ್ಮೆ ತೋರಿಸಿ ಎಂದಳು. ಮೆಟ್ಟಿಲು ಸರಿಯಾಗಿ ಕಾಣಲಿಲ್ಲ ಎಂದಳು. ಸಂಜೆ ನಾಲ್ಕು ಗಂಟೆಯ ಬಿಸಿಲಿನಲ್ಲಿ ಕಿಟಕಿಯ ಪಕ್ಕ ಮಗಳು ನಿಂತರೆ ಹೇಗೆ ಕಾಣುತ್ತಾಳೆ ಎಂದು ನೋಡಬೇಕು ಎಂದಳು. ಇದ್ಯಾವುದೂ ಅಮ್ಮನಿಗೆ ಗೊತ್ತಿರಲಿಲ್ಲ. ಅವಳು ಮೈಸೂರಿನಲ್ಲಿ ತನ್ನ ಪಾಡಿಗೆ ವಾಕಿಂಗ್ ಮುಗಿಸಿ ಬಂದು ಧಾರಾವಾಹಿ ನೋಡುತ್ತಿದ್ದಳು. ಅವಳ ಹೆಸರಿನಲ್ಲಿ ಟೆಕ್ಸಸ್‌ನಲ್ಲಿ ಇಷ್ಟೆಲ್ಲ ತಕರಾರು ತೆಗೆಯುತ್ತಿದ್ದವರು ಕೋಲ್ಕತ್ತಾದ ಒಬ್ಬ ಸಿನಿಮಾ ನಿರ್ದೇಶಕರು.

ಎರಡು ಸಾವಿರದ ಹತ್ತರ ದಶಕದ ನಡುವಿನ ಮಾತು. ಡಲ್ಲಾಸ್ ಸುತ್ತಮುತ್ತ ನಮ್ಮಂಥವರಿಗೆ ಶನಿವಾರ ಮಧ್ಯಾಹ್ನ ಇದ್ದದ್ದು ಎರಡೇ ಕೆಲಸ. ಒಂದು, ಇಂಡಿಯನ್ ಅಂಗಡಿಗೆ ಹೋಗಿ ಬೆಂಡೆಕಾಯಿಯ ತುದಿ ಮುರಿದು ನೋಡುವುದು. ಇನ್ನೊಂದು, ಕೊಳ್ಳುವ ಯೋಚನೆಯೇ ಇಲ್ಲದೆ ಮಾಡೆಲ್ ಮನೆ ನೋಡುವುದು. ಹೊಸ ಬಡಾವಣೆ ಎದ್ದರೆ ಬಿಲ್ಡರ್ ಮೊದಲು ಒಂದು ಮನೆ ಕಟ್ಟಿ, ಮದುವಣಗಿತ್ತಿಯ ಹಾಗೆ ಸಿಂಗರಿಸಿ, ಬಂದವರಿಗೆಲ್ಲ ತೋರಿಸುತ್ತಾನೆ. ಊಟದ ಮೇಜಿನ ಮೇಲೆ ಪ್ಲಾಸ್ಟಿಕ್ ನಿಂಬೆಹಣ್ಣು, ಕಪಾಟಿನಲ್ಲಿ ಹಾಳೆಯೇ ಇಲ್ಲದ ಟೊಳ್ಳು ಪುಸ್ತಕ, ಗೋಡೆಯ ಮೇಲೆ ರಟ್ಟಿನ ಟೀವಿ. ಕಮೋಡಿನ ಮುಚ್ಚಳಕ್ಕೆ ಟೇಪು ಅಂಟಿಸಿರುತ್ತಾರೆ. ಒಲೆ ಥಳಥಳ ಹೊಳೆಯುತ್ತದೆ, ಆದರೆ ಅದಕ್ಕೆ ಗ್ಯಾಸ್ ಕೊಟ್ಟಿರುವುದಿಲ್ಲ. ಒಳಗೆ ಕಾಲಿಟ್ಟರೆ ಆಗತಾನೇ ಬಿಸ್ಕತ್ತು ಬೇಯಿಸಿದ ಘಮ ಮಾತ್ರ ಬರುತ್ತದೆ. ಅದು ಮೇಣದಬತ್ತಿಯದು.

ನಾನು ಲಾಸ್ ಕೊಲಿನಾಸ್‌ನ ಒಂದು ಆಫೀಸಿನಲ್ಲಿ ಸಾಫ್ಟ್‌ವೇರ್ ಟೆಸ್ಟರ್ ಆಗಿದ್ದೆ. ಇನ್ನೊಬ್ಬರ ಕೆಲಸದಲ್ಲಿ ತಪ್ಪು ಹುಡುಕಿದರೆ ಸಂಬಳ ಕೊಡುತ್ತಾರೆ ಎಂದು ತಿಳಿದ ದಿನವೇ ನನ್ನ ಜನ್ಮ ಸಾರ್ಥಕವಾಗಿತ್ತು. ನನ್ನ ಮೇಲಿನ ಮ್ಯಾನೇಜರ್ ಒಬ್ಬ ಬಂಗಾಳಿ ಮಹಿಳೆ. ಗಟ್ಟಿ ಹೆಂಗಸು, ಮೀಟಿಂಗ್‌ನಲ್ಲಿ ಒಂದು ಮಾತು ಹೆಚ್ಚು ಆಡಿದವರಲ್ಲ. ಒಂದು ದಿನ ಊಟದ ಹೊತ್ತಿನಲ್ಲಿ ನನ್ನ ಎದುರು ಡಬ್ಬಿ ಬಿಚ್ಚಿ, "ನನ್ನ ಗಂಡ ಸಿನಿಮಾ ನಿರ್ದೇಶಕ," ಎಂದರು, ನನ್ನ ಗಂಡನಿಗೆ ಬಿ.ಪಿ. ಇದೆ ಎನ್ನುವ ದನಿಯಲ್ಲಿ. "ಅವನಿಗೆ ಒಬ್ಬ ಗಂಡಸು, ಒಬ್ಬ ಹೆಂಗಸು ಬೇಕಾಗಿದ್ದಾರೆ. ಮಾತಾಡಬೇಕಾಗಿಲ್ಲ. ಸುಮ್ಮನೆ ನಿಂತರೆ ಸಾಕು."

ಸುಮ್ಮನೆ ನಿಲ್ಲುವುದು ಎಂದ ಕೂಡಲೇ ನನಗೆ ನೆನಪಾದದ್ದು ನನ್ನ ಗಂಡ. ಧಾರವಾಡದ ಮನುಷ್ಯ, ಟೆಲಿಕಾಂ ಇಂಜಿನಿಯರ್. ಯಾವ ಮದುವೆ ಮುಂಜಿಗೆ ಹೋದರೂ ಒಂದು ಕಂಬ ನೋಡಿಕೊಂಡು ಅದರ ಪಕ್ಕ ನಿಂತುಬಿಡುವ ಜಾತಿ. ಮನೆಗೆ ಹೋಗಿ ಹೇಳಿದೆ. "ಏನೂ ಮಾಡಬ್ಯಾಡ ಅಂದ್ರ ನಾ ಭಾಳ ಛಲೋ ಮಾಡ್ತೀನಿ," ಎಂದು ಒಪ್ಪಿಕೊಂಡರು.

ಆ ಭಾನುವಾರ ರಿಚರ್ಡ್‌ಸನ್‌ನಲ್ಲಿ ಮ್ಯಾನೇಜರ್ ಅವರ ಅಪಾರ್ಟ್‌ಮೆಂಟಿಗೆ ಹೋದೆವು. ಬಾಗಿಲು ತೆರೆದ ವ್ಯಕ್ತಿಗೆ ಐವತ್ತೈದರ ಆಸುಪಾಸು, ಕೆದರಿದ ಕೂದಲು, ಒಂದು ಗುಂಡಿ ತಪ್ಪಿ ಹಾಕಿದ ಅಂಗಿ. ಎಲ್ಲರೂ ಅವರನ್ನು ದಾದಾ ಎನ್ನುತ್ತಿದ್ದರು, ನಾವೂ ಹಾಗೆಯೇ ಕರೆದೆವು. ಅವರು ಮಾತಾಡುತ್ತಿದ್ದದ್ದು ಅರ್ಧ ಹಿಂದಿ, ಅರ್ಧ ಇಂಗ್ಲಿಷು. ನಾನು ಇಲ್ಲಿ ಕನ್ನಡ ಮಾಡಿ ಹೇಳುತ್ತಿದ್ದೇನೆ. ಟೆಕ್ಸಸ್‌ನಲ್ಲಿ ಇಷ್ಟು ವರ್ಷವಿದ್ದೂ ಕಾರು ಓಡಿಸಲು ಕಲಿತಿರಲಿಲ್ಲ. ಕಾಲೇಜು ಹುಡುಗರ ಜೊತೆ ಲೈಟ್ ರೈಲಿನಲ್ಲಿ ಓಡಾಡುತ್ತಿದ್ದರು. "ಡ್ರೈವ್ ಮಾಡುವವನು ರಸ್ತೆ ಮಾತ್ರ ನೋಡ್ತಾನೆ," ಎಂಬುದು ಅವರ ವಾದ. ಡ್ರೈವ್ ಮಾಡಿ ಮಾಡಿ ಸುಸ್ತಾದ ಅವರ ಹೆಂಡತಿ ಆ ಮಾತು ಬಂದಾಗಲೆಲ್ಲ ಸೀಲಿಂಗ್ ನೋಡುತ್ತಿದ್ದರು.

ದಾದಾ ಅವರ ವೃತ್ತಿಜೀವನವನ್ನು ಅವರ ಹೆಂಡತಿಯೇ ಟೀ ಸೋಸುತ್ತ ನಮಗೆ ಹೇಳಿದರು. ಕೋಲ್ಕತ್ತಾದಲ್ಲಿ ಹತ್ತು ವರ್ಷ ಸಹಾಯಕ. ಬೇರೆಯವರಿಗೆ ಬರೆದುಕೊಟ್ಟ ಚಿತ್ರಕಥೆಗಳಲ್ಲಿ ನಾಲ್ಕು ತೆರೆಗೆ ಬಂದಿದ್ದವು. ತಾವೇ ಬರೆದು ನಿರ್ದೇಶಿಸಿದ ಒಂದು ಚಿತ್ರ ಒಂದು ವಾರ ಓಡಿತು. ಆಮೇಲೆ ಹೆಂಡತಿಯ ಕೆಲಸದ ಹಿಂದೆ ಹ್ಯೂಸ್ಟನ್‌ಗೆ ಬಂದರು. ಅಲ್ಲಿ ಹೊಟ್ಟೆಪಾಡಿಗೆಂದು ಮದುವೆಯ ವಿಡಿಯೋ ತೆಗೆಯಲು ಹೋದರೆ, ಮೊದಲನೇ ಮದುವೆಯಲ್ಲೇ ಮುಹೂರ್ತದ ಹೊತ್ತಿಗೆ ಕ್ಯಾಮೆರಾವನ್ನು ಹುಡುಗಿಯ ಅಪ್ಪನ ನಡುಗುವ ಬೆರಳುಗಳ ಮೇಲೆ ನಿಲ್ಲಿಸಿ ಹನ್ನೊಂದು ನಿಮಿಷ ಕದಲಿಸಲಿಲ್ಲ. ಆ ವಿಡಿಯೋದಲ್ಲಿ ಮದುಮಗ ಒಂದೇ ಸಲ ಕಾಣುತ್ತಾನೆ, ಅದೂ ಬೆನ್ನು. ಎರಡನೇ ಮದುವೆಗೆ ಯಾರೂ ಕರೆಯಲಿಲ್ಲ.

ಹ್ಯೂಸ್ಟನ್‌ನಲ್ಲಿಯೇ ಸ್ವಂತದ್ದೊಂದು ಕಿರುಚಿತ್ರ ಶುರುಮಾಡಿದರು. ಎಲ್ಲ ಚಿತ್ರೀಕರಣವಾಯಿತು, ಕೊನೆಯ ದೃಶ್ಯವೊಂದು ಬಿಟ್ಟು. ಅದರಲ್ಲಿ ಹಿಮ ಬೀಳಬೇಕಿತ್ತು. ಹ್ಯೂಸ್ಟನ್‌ನಲ್ಲಿ! ಡಿಸೆಂಬರಿನಲ್ಲೂ ಫ್ಯಾನು ಹಾಕಿಕೊಂಡು ಮಲಗುವ ಊರು. ಎರಡು ಚಳಿಗಾಲ ಕಾದರು. ಆಮೇಲೆ ಆಸ್ಟಿನ್‌ಗೆ ಶಿಫ್ಟ್ ಆದರು. ಅಲ್ಲಿ ಇನ್ನೊಂದು ಚಿತ್ರ. ಅದರ ಕೊನೆಯಲ್ಲಿ ಊರ ನಡುವಿನ ಸೇತುವೆಯ ಕೆಳಗಿನಿಂದ ಸಾವಿರಾರು ಬಾವಲಿಗಳು ಒಮ್ಮೆಲೇ ಆಕಾಶಕ್ಕೆ ಏಳಬೇಕು. ಬಾವಲಿಗಳು ಅಲ್ಲಿ ನಿಜವಾಗಿಯೂ ಇವೆ, ಬೇಸಿಗೆಯಿಡೀ ದಿನವೂ ಏಳುತ್ತವೆ. ಆದರೆ ನಾಯಕಿ ಉಣ್ಣೆಯ ಶಾಲು ಹೊದ್ದಿರಬೇಕಾದ್ದರಿಂದ ಜನವರಿಯಲ್ಲೇ ತೆಗೆಯಬೇಕೆಂದು ದಾದಾ ಹಟ ಹಿಡಿದರು. ಜನವರಿಯಲ್ಲಿ ಬಾವಲಿಗಳು ಮೆಕ್ಸಿಕೋಗೆ ಹೋಗಿರುತ್ತವೆ.

"ಇದು ಮೂರನೆಯದು," ಎಂದರು ಹೆಂಡತಿ, ಟೀ ಲೋಟ ನಮ್ಮ ಮುಂದಿಟ್ಟು. "ಆಸ್ಟಿನ್‌ನ ಒಂದು ಪುಟ್ಟ ಚಿತ್ರೋತ್ಸವದವರು, ಪೂರ್ತಿಯಾದ ಚಿತ್ರ ಕಳಿಸಿದರೆ ತೋರಿಸ್ತೀವಿ ಅಂದಿದ್ದಾರೆ. ಪೂರ್ತಿಯಾದ ಅನ್ನೋದಕ್ಕೆ ಅಡಿಗೆರೆ ಹಾಕಿದ್ದಾರೆ. ಅವರಿಗೂ ಇವನ ಹಳೆಯ ಅನುಭವ ಇದೆ. ಈ ಸಲವೂ ಮುಗಿಯಲಿಲ್ಲ ಅಂದ್ರೆ ಕ್ಯಾಮೆರಾ ಅಟ್ಟಕ್ಕೆ. ಇವನು ಮನೆ ಮಾರುವ ಲೈಸೆನ್ಸಿನ ಪರೀಕ್ಷೆಗೆ." ಮೇಜಿನ ಮೇಲೆ ಆ ಪರೀಕ್ಷೆಯ ಮೂರು ದಪ್ಪ ಪುಸ್ತಕ ಆಗಲೇ ಬಂದು ಕೂತಿದ್ದವು. ದಾದಾ ಅವುಗಳ ಮೇಲೆ ಟೀ ಲೋಟ ಇಟ್ಟುಕೊಂಡು ಕುಡಿಯುತ್ತಿದ್ದರು.

ಕಥೆ ಇಷ್ಟೇ. ಎಲ್ಲವೂ ಇರುವ ಒಂದು ಮನೆಗೆ ಗಂಡ ಹೆಂಡತಿ ಬರುತ್ತಾರೆ. ಆ ಹೆಂಗಸು ಮನೆಯಿಡೀ ಹುಡುಕುತ್ತಾಳೆ, ಒಂದಾದರೂ ನಿಜವಾದ ವಸ್ತು ಸಿಗುತ್ತದೆಯೇ ಎಂದು. ನಿಂಬೆಹಣ್ಣು ಮೂಸುತ್ತಾಳೆ, ಪುಸ್ತಕ ತೆರೆಯುತ್ತಾಳೆ. ಕೊನೆಗೆ ಆ ಒಲೆಯ ಮೇಲೆ ಟೀ ಮಾಡುತ್ತಾಳೆ, ಆವಿ ಏಳುತ್ತದೆ, ಮುಗಿಯಿತು. ಇಪ್ಪತ್ತು ನಿಮಿಷದ ಚಿತ್ರ, ಒಂದೂ ಮಾತಿಲ್ಲ. ಮಾತು ಯಾಕಿಲ್ಲ ಎಂದರೆ, ಮಾರಾಟದವರ ಆಫೀಸು ಅದೇ ಮನೆಯ ಗ್ಯಾರೇಜಿನಲ್ಲಿರುತ್ತದೆ, ಕೇಳಿಸಿಬಿಡುತ್ತದೆ.

ಹೀಗೆ ಪ್ರತಿ ಶನಿವಾರ ನಾವು ಮೂವರೂ ಕಾಪೆಲ್‌ಗೆ ಹೊರಟೆವು. ನಾವಿಬ್ಬರು ಮನೆ ಕೊಳ್ಳಲು ಬಂದ ದಂಪತಿ, ದಾದಾ ನನ್ನ ಅಣ್ಣ. ಅಣ್ಣ ಫೋನಿನಲ್ಲಿ ಮನೆಯನ್ನೆಲ್ಲ ವಿಡಿಯೋ ತೆಗೆದು ಇಂಡಿಯಾದಲ್ಲಿರುವ ಅಮ್ಮನಿಗೆ ಕಳಿಸುತ್ತಾನೆ, ಅಮ್ಮ ಹೂಂ ಎಂದರೆ ಮಾತ್ರ ಕೊಳ್ಳುವುದು. ಇದನ್ನು ನಂಬದ ಮಾರಾಟಗಾರರು ಆ ಕಾಲದಲ್ಲಿ ಡಲ್ಲಾಸ್‌ನಲ್ಲಿ ಒಬ್ಬರೂ ಇರಲಿಲ್ಲ, ಏಕೆಂದರೆ ಅರ್ಧ ಜನ ನಿಜವಾಗಿಯೂ ಹಾಗೆಯೇ ಮಾಡುತ್ತಿದ್ದರು. ಆ ಮನೆಯ ಉಸ್ತುವಾರಿ ಅರವತ್ತು ದಾಟಿದ ಒಬ್ಬ ಅಮೆರಿಕನ್ ಹೆಂಗಸಿನದು. ನಾವು ಅವಳಿಗೆ ಮಾರಾಟದ ಆಂಟಿ ಎಂದು ಹೆಸರಿಟ್ಟಿದ್ದೆವು. ಎತ್ತರದ ಕೂದಲು, ಎತ್ತರದ ದನಿ, ಸಿಕ್ಕವರನ್ನೆಲ್ಲ ಅಪ್ಪಿಕೊಳ್ಳುವ ಅಭ್ಯಾಸ. ನಾವು ಬಾಗಿಲಲ್ಲಿ ಕಂಡ ಕೂಡಲೇ, "ಅಮ್ಮ ಏನೆಂದರು?" ಎಂದು ಓಡಿಬರುತ್ತಿದ್ದಳು. ನಾನು ಪೆಚ್ಚಾಗಿ ತಲೆ ಅಲ್ಲಾಡಿಸಿದರೆ ನನಗಿಂತ ಅವಳೇ ಹೆಚ್ಚು ನೊಂದುಕೊಳ್ಳುತ್ತಿದ್ದಳು.

ದೃಶ್ಯದಿಂದ ದೃಶ್ಯಕ್ಕೆ ವಸ್ತುಗಳು ಅಲ್ಲಲ್ಲೇ ಇರುವಂತೆ ನೋಡಿಕೊಳ್ಳುವ ಕೆಲಸವೂ ನನ್ನ ತಲೆಗೇ ಬಂತು. ನಾನದಕ್ಕೆ ಒಂದು ದೊಡ್ಡ ಪಟ್ಟಿ ಮಾಡಿದೆ. ನಿಂಬೆಹಣ್ಣು ಏಳು, ಅದರಲ್ಲಿ ತೊಟ್ಟಿರುವುದು ಮೂರು, ತೊಟ್ಟು ಕಿಟಕಿಯ ಕಡೆಗೆ. ಎಡಗಡೆಯ ಪರದೆಯಲ್ಲಿ ಒಂಬತ್ತು ನೆರಿಗೆ. ಆಫೀಸಿನಲ್ಲೂ ನಾನು ಇಷ್ಟು ಮೈಬಗ್ಗಿಸಿ ಕೆಲಸ ಮಾಡಿದ್ದಿಲ್ಲ. ನನ್ನ ಉಡುಪೂ ಒಂದೇ ಇರಬೇಕು, ಹಾಗಾಗಿ ಪ್ರತಿ ಶನಿವಾರ ಅದೇ ನೀಲಿ ಕುರ್ತಾ. ಶುಕ್ರವಾರ ಒಗೆಯುವುದು, ಶನಿವಾರ ಹಾಕುವುದು. ಒಂಬತ್ತನೇ ವಾರ ಮಾರಾಟದ ಆಂಟಿ ನನ್ನನ್ನು ಮೆಲ್ಲಗೆ ಪಕ್ಕಕ್ಕೆ ಕರೆದು, ತನ್ನದೇ ಒಂದು ಗುಲಾಬಿ ಸ್ವೆಟರನ್ನು ಚೀಲದಲ್ಲಿ ಹಾಕಿ ಕೊಟ್ಟಳು. "ಸಂಕೋಚ ಬೇಡ ಮಗಳೇ, ಎಲ್ಲರಿಗೂ ಕಷ್ಟದ ದಿನ ಇರುತ್ತವೆ," ಎಂದಳು. ನನಗೆ ಭೂಮಿ ಬಾಯಿಬಿಡಬಾರದೇ ಎನ್ನಿಸಿತು. ಸ್ವೆಟರು ಈಗಲೂ ನನ್ನ ಹತ್ತಿರ ಇದೆ.

ನನ್ನ ಗಂಡನದು ಇನ್ನೊಂದು ಬಗೆ. ದಾದಾ ಹೇಳಿದಲ್ಲಿ ನಿಲ್ಲುತ್ತಿದ್ದರು, ಆದರೆ ಬಿಡುವು ಸಿಕ್ಕರೆ ಸಾಕು, ವಾಟರ್ ಹೀಟರ್ ಎಲ್ಲಿದೆ, ಅಟ್ಟದ ಇನ್ಸುಲೇಷನ್ ಎಷ್ಟು ದಪ್ಪ ಎಂದು ಆಂಟಿಯನ್ನು ಗಂಟೆಗಟ್ಟಲೆ ಕೇಳುತ್ತಿದ್ದರು. ಪಾತ್ರದಲ್ಲಿ ಮುಳುಗಿದ್ದಾರೆ ಎಂದುಕೊಂಡೆ. ಒಂದು ದೃಶ್ಯದಲ್ಲಿ ಗಂಡ ಕಿಟಕಿಯ ಹೊರಗೆ, ಬದುಕೇ ಕೈಜಾರಿದವನ ಹಾಗೆ ನೋಡಬೇಕಿತ್ತು. ಅವರು ಹೇಗೆ ನೋಡಿದರೆಂದರೆ ದಾದಾ ಕಣ್ಣಲ್ಲಿ ನೀರು ಬಂತು. ಹತ್ತಿರ ಹೋಗಿ ಹೆಗಲ ಮೇಲೆ ಕೈಯಿಟ್ಟು, "ಅರೇ ಬಾಬಾ, ಏನು ನೆನಪು ಮಾಡಿಕೊಂಡೆ?" ಎಂದು ಪಿಸುಗುಟ್ಟಿದರು. ನನ್ನ ಗಂಡ ನನ್ನ ಕಡೆ ತಿರುಗಿ ಕನ್ನಡದಲ್ಲಿ, "ಆ ಎರಡನೇ ಸ್ಪ್ರಿಂಕ್ಲರ್ ತಿರಗವಲ್ದು ನೋಡು. ಇವ್ರಿಗೆ ಹೇಳಬೇಕು," ಎಂದರು. ನಾನು ಅದನ್ನು ದಾದಾಗೆ ಅನುವಾದಿಸಲಿಲ್ಲ.

ಹತ್ತು ಹನ್ನೆರಡು ವಾರದಲ್ಲಿ ಎಲ್ಲ ದೃಶ್ಯಗಳೂ ಮುಗಿದವು. ಉಳಿದದ್ದು ಟೀ. ಒಲೆಗೆ ಗ್ಯಾಸ್ ಇಲ್ಲ ಎಂಬುದು ದಾದಾಗೆ ಮೊದಲ ದಿನದಿಂದ ಗೊತ್ತಿತ್ತು. ನಾನು ನಮ್ಮ ಅಪಾರ್ಟ್‌ಮೆಂಟಿನ ಒಲೆಯ ಮೇಲೆ ಮಾಡೋಣ ಎಂದೆ. ಬೆಳಕು ಬೇರೆ ಎಂದರು. ಪಿಕ್ನಿಕ್ ಸ್ಟೌ ತರುತ್ತೇನೆ ಎಂದೆ. ಅದು ಸುಳ್ಳು ಬೆಂಕಿ ಎಂದರು. ಬರೀ ಪಾತ್ರೆಯ ಮೇಲೆ ಆವಿ ತೋರಿಸೋಣ ಎಂದೆ. ಅದಕ್ಕೆ ಎದ್ದು ಹೊರಗೆ ಹೋಗಿ ನಿಂತರು.

ಅವತ್ತು ಮನೆಗೆ ಬಂದು ನಾನು ಟೆಸ್ಟರ್ ಬುದ್ಧಿಯಿಂದ ಒಂದು ಚೀಟಿಯಲ್ಲಿ ಬರೆದುಕೊಂಡೆ. ಹ್ಯೂಸ್ಟನ್, ಹಿಮ. ಆಸ್ಟಿನ್, ಜನವರಿಯ ಬಾವಲಿ. ಡಲ್ಲಾಸ್, ಗ್ಯಾಸಿಲ್ಲದ ಒಲೆ. ಒಂದು ಸಲ ಕೈಕೊಟ್ಟರೆ ಗ್ರಹಚಾರ ಎನ್ನಬಹುದು, ಮೂರೂ ಸಲ ಅದೇ ಜಾಗದಲ್ಲಿ ನಿಂತರೆ ದೋಷ ಒಳಗಡೆಯೇ ಇದೆ. ಈ ಮನುಷ್ಯ ತೆಗೆಯಲಾಗದ ಕೊನೆಯನ್ನೇ ಹುಡುಕಿ ಹುಡುಕಿ ಬರೆಯುತ್ತಾರೆ! ಒಂದು ಕ್ಷಣ ದೊಡ್ಡ ಬಗ್ ಹಿಡಿದ ಖುಷಿಯಾಯಿತು. ಆಮೇಲೆ ಸಿಟ್ಟು ಬಂತು, ಹನ್ನೆರಡು ವಾರ ಒಗೆದ ಕುರ್ತಾ ನೆನಪಾಗಿ.

ಮುಂದಿನ ಶನಿವಾರ ಅವರನ್ನು ರೈಲಿಗೆ ಬಿಡಲು ಹೋದಾಗ, ಸ್ಟೇಷನ್ನಿನ ಮುಂದೆ ಕಾರು ನಿಲ್ಲಿಸಿಕೊಂಡು ಕೇಳಿಯೇಬಿಟ್ಟೆ. "ದಾದಾ, ನಿಮಗೆ ಮುಗಿಸೋಕೆ ಇಷ್ಟ ಇಲ್ಲ ಅಲ್ವಾ?"

ಒಂದು ರೈಲು ಬಂತು, ಹೋಯಿತು. ಅವರು ಇಳಿಯಲಿಲ್ಲ. ಆಮೇಲೆ ಕೋಲ್ಕತ್ತಾದ ಆ ಮೊದಲ ಚಿತ್ರದ ಕಥೆ ಹೇಳಿದರು. ಅವರು ಬರೆದು ತೆಗೆದ ಕೊನೆಯಲ್ಲಿ, ಒಬ್ಬ ವಿಧವೆ ತನ್ನ ಮನೆಗೆ ಬೀಗ ಹಾಕಿಕೊಂಡು ಒಬ್ಬಳೇ ಟ್ರಾಮ್ ಹತ್ತುತ್ತಾಳೆ, ಅಷ್ಟೇ. ನಿರ್ಮಾಪಕನಿಗೆ ಅದು ಹಿಡಿಸಲಿಲ್ಲ. ಇವರಿಗೆ ಹೇಳದೆ ಬೇರೊಬ್ಬರಿಂದ ಇನ್ನೊಂದು ಕೊನೆ ತೆಗೆಸಿ ಅಂಟಿಸಿದ: ಅವಳು ಬೀಗ ಹಾಕುವಷ್ಟರಲ್ಲಿ ನೆಂಟರಿಷ್ಟರೆಲ್ಲ ಮಿಠಾಯಿ ಡಬ್ಬಿ ಹಿಡಿದು ಹಾಡುತ್ತ ಬರುತ್ತಾರೆ. ಮೊದಲ ದಿನ ಥಿಯೇಟರಿನಲ್ಲಿ ಕೂತಾಗಲೇ ದಾದಾ ಅದನ್ನು ನೋಡಿದ್ದು. ಪಕ್ಕದಲ್ಲಿ ಅವರ ಅಮ್ಮ ಕೂತಿದ್ದರು.

"ಅಮ್ಮ ಚಪ್ಪಾಳೆ ತಟ್ಟಿದಳು," ಎಂದರು. "ಎಲ್ಲರಿಗಿಂತ ಜೋರಾಗಿ. ಆ ಕೊನೆ ನನ್ನದಲ್ಲಮ್ಮ ಅಂತ ಹೇಳೋಕೆ ನನಗೆ ಬಾಯೇ ಬರಲಿಲ್ಲ. ಮೂರು ವರ್ಷಕ್ಕೆ ಹೋಗಿಬಿಟ್ಟಳು. ಅವಳ ಪಾಲಿಗೆ ನಾನು ಮಿಠಾಯಿ ಡಬ್ಬಿಯ ನಿರ್ದೇಶಕ." ಆಮೇಲೆ, "ತೆಗೆಯದೇ ಇದ್ದರೆ ಯಾರೂ ಬದಲಾಯಿಸೋಕೆ ಆಗಲ್ಲ, ನೋಡು," ಎಂದರು.

ನನ್ನ ಸಿಟ್ಟೆಲ್ಲ ಇಳಿದುಹೋಯಿತು. ನಾವು ವಾರ ವಾರ ಒಂದು ಸುಳ್ಳು ಅಮ್ಮನನ್ನು ಕಟ್ಟಿಕೊಂಡು ನಗುತ್ತಿದ್ದೆವಲ್ಲ, ಆ ಅಮ್ಮನನ್ನು ಈ ಮನುಷ್ಯ ಎಲ್ಲಿಂದ ತಂದಿದ್ದರು ಎಂದು ಆಗ ಹೊಳೆಯಿತು. ಕಾರಿನಲ್ಲಿದ್ದ ಚಕ್ಕುಲಿಯ ಪೊಟ್ಟಣ ಕೊಟ್ಟೆ. ತಿಂದುಕೊಂಡು ಮುಂದಿನ ರೈಲಿಗೆ ಹೋದರು.

ಹದಿನಾಲ್ಕನೇ ಶನಿವಾರ ಮಾರಾಟದ ಆಂಟಿ ಸಪ್ಪೆ ಮುಖ ಮಾಡಿಕೊಂಡು ಕಾದಿದ್ದಳು. ಬಡಾವಣೆಯ ಮನೆಗಳೆಲ್ಲ ಮಾರಾಟವಾಗಿದ್ದವು, ಕಡೆಗೆ ಮಾಡೆಲ್ ಮನೆಯನ್ನೂ ಪೀಠೋಪಕರಣ ಸಮೇತ ಮಾರುವ ದಿನ ಬಂದಿತ್ತು. ಅವತ್ತೇ ಸಂಜೆ ಇನ್ನೊಂದು ಕುಟುಂಬ ಸಹಿ ಹಾಕಲು ಬರುವವರಿದ್ದರು. ಅದನ್ನು ಕೇಳಿದ ದಾದಾ ಮುಖದಲ್ಲಿ ನಾನು ದುಃಖ ಹುಡುಕಿದೆ. ಕಂಡದ್ದು ನೆಮ್ಮದಿ. ಹಿಮ ಬೀಳಲಿಲ್ಲ, ಬಾವಲಿ ಬರಲಿಲ್ಲ, ಈಗ ಮನೆಯೇ ಹೋಯಿತು, ನನ್ನದೇನು ತಪ್ಪು ಎನ್ನುವ ನೆಮ್ಮದಿ. ನಾನು ನಿಂಬೆಹಣ್ಣಿನ ಬಟ್ಟಲಿಗೆ ಕೊನೆಯ ಸಲ ಕೈಮುಗಿದು ಹೊರಡಲು ತಿರುಗಿದರೆ ಗಂಡ ಕಾಣಲಿಲ್ಲ. ಗ್ಯಾರೇಜಿನ ಆಫೀಸಿನಲ್ಲಿ ಕೂತು ಕಾಗದಗಳ ಮೇಲೆ ಸಹಿ ಹಾಕುತ್ತಿದ್ದರು.

"ಏನ್ರೀ ಇದು? ನಾಟಕ ಆಡಕ್ಕೆ ಬಂದು ನಿಜವಾಗ್ಲೂ ಸೈನ್ ಮಾಡ್ಬಿಟ್ರಾ?"

"ಛಲೋ ಮನಿ ಅದ," ಎಂದರು ತಲೆ ಎತ್ತದೆ. "ಲಗ್ನಕ್ಕ ಮೊದ್ಲ ನಿನ್ನ ಎರಡ ಸಲ ನೋಡಿದ್ದೆ. ಈ ಮನಿ ಹದಿನಾಕ ಸಲ ನೋಡೇನಿ. ಇದರಾಗ ಅನುಮಾನ ಪಡೂದು ಏನದ?"

ಜಗಳಕ್ಕೆ ಬಾಯಿ ತೆರೆದವಳು ಅಲ್ಲೇ ನಿಂತೆ. ನಿಜ ಹೇಳಬೇಕೆಂದರೆ ಆ ಪರದೆಯ ಒಂಬತ್ತು ನೆರಿಗೆಯನ್ನು ಇನ್ಯಾರೋ ಹಾಳುಮಾಡುವುದು ನನಗೂ ಬೇಕಿರಲಿಲ್ಲ. ಆಂಟಿ ನಮ್ಮಿಬ್ಬರನ್ನೂ ಒಟ್ಟಿಗೆ ಅಪ್ಪಿಕೊಂಡು, "ಅಂತೂ ಅಮ್ಮ ಒಪ್ಪಿದರು!" ಎಂದು ಗಳಗಳ ಅತ್ತಳು.

ಕೀ ಕೈಗೆ ಬಂತು, ಒಲೆಗೆ ಗ್ಯಾಸ್ ಬಂತು. ಮಾರನೇ ದಿನವೇ ದಾದಾಗೆ ಫೋನ್ ಮಾಡಿ, ಬನ್ನಿ ಟೀ ಮಾಡೋಣ ಎಂದೆ. ಬಿಸಿಲಿನ ಕೋನ ಬದಲಾಗಿದೆ ಎಂದರು. ವಾರ ಬಿಟ್ಟು ಮತ್ತೆ ಮಾಡಿದೆ. ಕೊನೆಯಲ್ಲಿ ಕಿಟಕಿಯ ಮೇಲೆ ಒಂದು ಬೆಕ್ಕು ತಾನಾಗಿ ಬಂದು ಕೂರಬೇಕು ಎಂದು ಹೊಸದಾಗಿ ಬರೆದಿದ್ದೇನೆ ಎಂದರು. ಚಿತ್ರೋತ್ಸವಕ್ಕೆ ಕಳಿಸಲು ಉಳಿದದ್ದು ಹತ್ತು ದಿನ. ಆಫೀಸಿನಲ್ಲಿ ಅವರ ಹೆಂಡತಿ ನನ್ನ ಮೇಜಿನ ಹತ್ತಿರ ನಿಂತು, "ಪರೀಕ್ಷೆಗೆ ಫೀಸು ಕಟ್ಟಿಬಿಟ್ಟೆ," ಎಂದರು. ಆ ದನಿಯಲ್ಲಿ ಗೆದ್ದ ಖುಷಿ ಒಂದಿಷ್ಟೂ ಇರಲಿಲ್ಲ.

ಆಗ ನಾನೊಂದು ಉಪಾಯ ಮಾಡಿದೆ. ದಾದಾಗೆ ಸಿನಿಮಾದ ಮಾತನ್ನೇ ಎತ್ತದೆ, ಶನಿವಾರ ಬೆಳಿಗ್ಗೆ ಗೃಹಪ್ರವೇಶ, ಊಟಕ್ಕೆ ಬನ್ನಿ, ನೆನಪಿಗೆ ಒಂದು ವಿಡಿಯೋ ತೆಗೆದುಕೊಡಿ ಎಂದೆ. ಊಟ ಎಂದ ಮೇಲೆ ಬಂದರು. ನಾನು ನನ್ನ ಪಟ್ಟಿ ಹಿಡಿದು ಅಡುಗೆಮನೆಯನ್ನು ಹಳೆಯ ಹಾಗೆಯೇ ಇಟ್ಟಿದ್ದೆ. ಏಳು ನಿಂಬೆಹಣ್ಣು, ತೊಟ್ಟು ಕಿಟಕಿಯ ಕಡೆಗೆ. ಹೋಮದ ಹೊಗೆಗೆ ಸ್ಮೋಕ್ ಅಲಾರಂ ಬಡಿದುಕೊಳ್ಳದಿರಲೆಂದು ನನ್ನ ಗಂಡ ಪಂಚೆಯುಟ್ಟು ಅಲಾರಮ್ಮಿನ ಕೆಳಗೆ ಸ್ಟೂಲ್ ಹತ್ತಿ ಟವೆಲ್ ಬೀಸುತ್ತಿದ್ದರು. ಇನ್ನೊಂದು ಮನೆಯ ಪೂಜೆಗೆ ಹೊತ್ತಾಗುತ್ತಿದ್ದ ಪುರೋಹಿತರು ಒಂದೇ ಸಮನೆ ಅವಸರ ಮಾಡುತ್ತಿದ್ದರು. ಮೈಸೂರಿನಿಂದ ಅಮ್ಮ ವಿಡಿಯೋ ಕಾಲ್‌ನಲ್ಲಿದ್ದಳು. ಆ ಫೋನನ್ನು ಹಿಡಿದುಕೊಳ್ಳುವ ಭಾಗ್ಯ ಮಾರಾಟದ ಆಂಟಿಗೆ ಸಿಕ್ಕಿತ್ತು. ಅವಳು ಪರದೆಗೆ ಮೂಗು ತಾಗುವಷ್ಟು ಹತ್ತಿರ ಬಂದು, "ನಿಮಗೆ ಕೊನೆಗೂ ಅಡುಗೆಮನೆ ಇಷ್ಟವಾಯಿತಲ್ಲ, ಅದೇ ನನಗೆ ಸಂತೋಷ!" ಎಂದಳು.

"ಏನಂತಾರೆ ಇವ್ರು?" ಎಂದಳು ಅಮ್ಮ.

"ಮನೆ ಚೆನ್ನಾಗಿದೆಯಂತೆ, ಅಮ್ಮ."

"ನಾನಿನ್ನೂ ನೋಡೇ ಇಲ್ವಲ್ಲೇ! ಈ ಫೋನ್ನ ಆ ಕಡೆ ತಿರುಗ್ಸಕ್ಕೆ ಹೇಳೇ ಅವ್ರಿಗೆ!"

ಅಮ್ಮನ ದನಿ ಏರಿದ್ದು ಕೇಳಿ, ಇನ್ನೂ ಏನೋ ಹಿಡಿಸಿಲ್ಲ ಎಂದು ಆಂಟಿ ಗಾಬರಿಯಾದಳು.

ನಾನು ಹೊಸ ಪಾತ್ರೆಗೆ ಹಾಲು ಹಾಕಿ ಒಲೆಯ ಮೇಲಿಟ್ಟೆ. ಆಮೇಲೆ ದಾದಾ ಕಡೆ ತಿರುಗಿ ಹೇಳಿದೆ. "ದಾದಾ, ಈ ಒಲೆಯ ಮೊದಲನೇ ಬೆಂಕಿ ಇದು. ಟೀ ಅಲ್ಲ, ಹಾಲು. ಉಕ್ಕಬೇಕು. ಉಕ್ಕೋದು ಒಂದೇ ಸಲ. ಇದಕ್ಕೆ ಇನ್ನೊಂದು ಟೇಕ್ ಇಲ್ಲ, ನಾಳೆ ಮಾಡೋಣ ಅನ್ನೋ ಹಾಗಿಲ್ಲ. ಬೇಕಿದ್ದರೆ ತೆಗೀರಿ."

ಅವರಿಗೆ ಅರ್ಥವಾಯಿತು. ಪುರೋಹಿತರತ್ತ ನೋಡಿದರು, ಬಾಗಿಲತ್ತ ನೋಡಿದರು, ಬೆಕ್ಕಿಲ್ಲದ ಕಿಟಕಿಯತ್ತ ನೋಡಿದರು. ಹಿಂದೆ ನಿಂತಿದ್ದ ಅವರ ಹೆಂಡತಿ ಅವರ ಬೆನ್ನ ಮೇಲೆ ಅಂಗೈ ಇಟ್ಟರು. ದಾದಾ ಫೋನ್ ಎತ್ತಿದರು. ನಾನು ಒಲೆ ಹಚ್ಚಿದೆ.

ಹಾಲು ಕಾಯುವುದಕ್ಕೆ ಎಷ್ಟು ಹೊತ್ತು ಹಿಡಿಯುತ್ತದೆ ಎಂಬುದು ನನಗೆ ಅವತ್ತೇ ಗೊತ್ತಾದದ್ದು. ಕೆನೆ ಕಟ್ಟಿತು, ಅಂಚಿನಲ್ಲಿ ಗುಳ್ಳೆ ಬಂತು, ಒಮ್ಮೆ ಉಸಿರೆಳೆದುಕೊಂಡಂತೆ ಮೇಲೆದ್ದಿತು, ಆಮೇಲೆ ಬಿಳಿಯಾಗಿ ಒಲೆಯ ಮೇಲೆಲ್ಲ ಹರಿಯಿತು. ಜ್ವಾಲೆ ಚುರ್ರೆಂದಿತು. ಹೊಳೆಯುವ ಆ ಒಲೆ ಮೊದಲ ಸಲ ಕೊಳೆಯಾಯಿತು. ನಾನು ಅದನ್ನೇ ನೋಡುತ್ತ ನಿಂತುಬಿಟ್ಟೆ, ಅಭಿನಯ ಗಿಭಿನಯ ಒಂದೂ ನೆನಪಿರಲಿಲ್ಲ. ಹಿಂದಿನಿಂದ ಒಡೆದ ದನಿಯಲ್ಲಿ ದಾದಾ, "ಕಟ್," ಎಂದರು. ಪುರೋಹಿತರು ಬೆಚ್ಚಿಬಿದ್ದು ಮಂತ್ರವನ್ನು ಅರ್ಧಕ್ಕೇ ನಿಲ್ಲಿಸಿದರು.

"ಯಾರೇ ಅದು ಅಳ್ತಿರೋದು?" ಎಂದಳು ಅಮ್ಮ ಮೈಸೂರಿನಿಂದ. ಅಳುತ್ತಿದ್ದವರು ಮೂವರಿದ್ದರು. ಯಾರೆಂದು ಹೇಳುವುದು?

ಸಂಜೆ ಪಾತ್ರೆ ತೊಳೆದು ಬಟ್ಟೆ ಬದಲಾಯಿಸಲು ಕಪಾಟು ತೆರೆದೆ. ಇಸ್ತ್ರಿ ಮಾಡಿದ ನೀಲಿ ಕುರ್ತಾ ಹ್ಯಾಂಗರಿನಲ್ಲಿ ತೂಗುತ್ತಿತ್ತು. ಹಾಲಿಡುವ ಮೊದಲು ಹಾಕಿಕೊಳ್ಳಬೇಕೆಂದು ನಾನೇ ತೆಗೆದಿಟ್ಟದ್ದು. ಹದಿನಾಲ್ಕು ವಾರ ನಿಂಬೆಹಣ್ಣಿನ ತೊಟ್ಟು ಎಣಿಸಿದವಳು, ಕೊನೆಯ ದೃಶ್ಯದಲ್ಲಿ ಕೆಂಪು ರೇಷ್ಮೆ ಸೀರೆ ಉಟ್ಟು, ಮುಡಿ ತುಂಬ ಹೂ ಮುಡಿದು, ಹಣೆಗೆ ಕಾಸಗಲ ಕುಂಕುಮ ಇಟ್ಟುಕೊಂಡು ನಿಂತಿದ್ದೆ. ದಾದಾಗೆ ಫೋನ್ ಮಾಡಿ ಒಪ್ಪಿಕೊಂಡೆ. ಇದೇ ನೆಪ ಸಿಕ್ಕಿತಲ್ಲ, ಮುಗಿಯಿತು ಕಥೆ ಎಂದುಕೊಂಡೆ. ಆದರೆ ಅವರು, "ಇರಲಿ. ಮನೆ ಅವಳದಾಯಿತು, ಸೀರೆ ಉಟ್ಟಳು. ಇದು ನನ್ನ ಕೊನೆ, ಯಾರೂ ಮುಟ್ಟಬಾರದು," ಎಂದರು. ನನ್ನ ಮೇಲೆ ಕಿರುಚಿಯೇ ಹೇಳಿದರು. ನನಗೆ ಕುಣಿಯುವಷ್ಟು ಸಂತೋಷವಾಯಿತು.

ಚಿತ್ರ ಆಸ್ಟಿನ್‌ನಲ್ಲಿ ಒಂದು ಪುಸ್ತಕದಂಗಡಿಯ ಹಿಂದಿನ ಕೋಣೆಯಲ್ಲಿ ಮಧ್ಯಾಹ್ನ ಪ್ರದರ್ಶನವಾಯಿತು. ಮೂವತ್ತು ಕುರ್ಚಿ, ಹತ್ತೊಂಬತ್ತು ಜನ, ಅದರಲ್ಲಿ ಐದು ಜನ ನಾವೇ, ಮಾರಾಟದ ಆಂಟಿಯೂ ಸೇರಿ. ಬರುವಾಗ ದಾರಿಯಲ್ಲಿ ಅವಳಿಗೆ ಎಲ್ಲವನ್ನೂ ತಪ್ಪೊಪ್ಪಿಕೊಂಡಿದ್ದೆವು. ದಾದಾ ನನ್ನ ಅಣ್ಣನಲ್ಲ ಎಂಬುದು ಮೂರನೇ ವಾರವೇ ಗೊತ್ತಾಗಿತ್ತು ಎಂದಳು. ತನ್ನ ತಂಗಿಯ ಬೆನ್ನನ್ನು ಅಷ್ಟು ಹೊತ್ತು ಯಾವ ಅಣ್ಣ ವಿಡಿಯೋ ತೆಗೆಯುತ್ತಾನೆ? ಆದರೆ ಅಮ್ಮನನ್ನು ಮಾತ್ರ ನಂಬಿದ್ದೆ ಎಂದಳು. ಪ್ರದರ್ಶನದ ನಂತರ ಗಡ್ಡದ ಯುವಕನೊಬ್ಬ ಎದ್ದು, ಕೊನೆಯಲ್ಲಿ ಗೋಡೆಯ ಮೇಲೆ ಹಾರುವ ಆ ರೆಕ್ಕೆಗಳ ನೆರಳು ನಮ್ಮ ಊರಿನ ಬಾವಲಿಗಳಿಗೆ ಸಲ್ಲಿಸಿದ ಗೌರವವೇ ಎಂದು ಕೇಳಿದ. ಅದು ನನ್ನ ಗಂಡ ಬೀಸಿದ ಟವೆಲ್. ದಾದಾ ಗಂಭೀರವಾಗಿ ಹೌದೆಂದರು. ಇನ್ನೊಬ್ಬರು ಆ ಬಿಲ್ಡರ್ ಯಾರು, ಇನ್ನೂ ಮನೆಗಳಿವೆಯೇ ಎಂದು ಕೇಳಿದರು. ಲೈಸೆನ್ಸಿನ ಆ ಮೂರು ಪುಸ್ತಕ ಈಗ ನಮ್ಮ ಮನೆಯ ಕಪಾಟಿನಲ್ಲಿ, ಟೊಳ್ಳು ಪುಸ್ತಕಗಳ ಸಾಲಿನಲ್ಲಿವೆ. ಅವರ ಹೆಂಡತಿಯೇ ತಂದುಕೊಟ್ಟು ಹೋದರು.

ಇದೆಲ್ಲ ಆಮೇಲಿನ ಮಾತು. ಚಿತ್ರ ನಡೆಯುತ್ತಿದ್ದಾಗ ದಾದಾ ಹಿಂದಿನ ಸಾಲಿನಲ್ಲಿ ನನಗೂ ನನ್ನ ಗಂಡನಿಗೂ ನಡುವೆ ಕೂತಿದ್ದರು. ನಿಂಬೆಹಣ್ಣಿನ ದೃಶ್ಯದವರೆಗೆ ಚೆನ್ನಾಗಿಯೇ ಇದ್ದರು. ಪರದೆಯ ಮೇಲೆ ನಾನು ಒಲೆಯ ಕಡೆ ಹೆಜ್ಜೆಯಿಟ್ಟ ಕೂಡಲೇ ಕಣ್ಣು ಬಿಗಿಯಾಗಿ ಮುಚ್ಚಿಕೊಂಡು ನನ್ನ ಗಂಡನ ಕೈ ಹಿಡಿದುಕೊಂಡರು. ಬಾಗಿಲು ತೆರೆದು ಇನ್ಯಾರೋ ಮಿಠಾಯಿ ಡಬ್ಬಿ ಹಿಡಿದು ಬಂದುಬಿಡುತ್ತಾರೆ ಎನ್ನುವ ಹಾಗೆ ಅವರ ರೆಪ್ಪೆ ಅದುರುತ್ತಿತ್ತು. ಮದುವೆ ಮನೆಯಲ್ಲಿ ಕಂಬದ ಪಕ್ಕ ನಿಲ್ಲುವ ನನ್ನ ಗಂಡ ಅವರ ಕಿವಿಯ ಹತ್ತಿರ ಬಾಗಿ, ಯಾವ ಭಾಷೆಯಲ್ಲಿ ಮಾತಾಡುತ್ತಿದ್ದೇನೆ ಎಂಬುದನ್ನೂ ಮರೆತು, ಅಣ್ಣನಿಗೆ ಹೇಳುವ ಹಾಗೆ ಹೇಳಿದರು:

"ಯಾರೂ ಬಂದಿಲ್ರಿ, ದಾದಾ. ನಿಮ್ಮದ ಅದ. ಕಣ್ಣ ತಗೀರಿ."

ದಾದಾಗೆ ಕನ್ನಡದ ಒಂದಕ್ಷರವೂ ಬರುವುದಿಲ್ಲ. ಕಣ್ಣು ತೆರೆದರು. ಹಾಲು ಆಗತಾನೇ ಮೇಲೇಳುತ್ತಿತ್ತು.